ಅಜ್ಜಿಯ ಒರಳು, ನಮ್ಮ ಅರ್ಜಿ

ಊರಿನ ಅರಣ್ಯ ಹಕ್ಕು ಸಮಿತಿಗೆ ನನ್ನನ್ನು ಕಾರ್ಯದರ್ಶಿ ಮಾಡಿದ್ದು ಕಾನೂನು ಗೊತ್ತು ಅಂತಲ್ಲ, ಕೈಬರಹ ಚೆನ್ನಾಗಿದೆ ಅಂತ.

ನಾವು ಮಲೆಕುಡಿಯರು, ಕಾಡಿನ ಬುಡಕಟ್ಟು. ಮನೆ ಕುದುರೆಮುಖದ ಮಗ್ಗುಲಲ್ಲಿ. ಆದರೆ ಕಳಸದ ಸಂತೆಯಲ್ಲಿ ಯಾರಾದರೂ ಕೇಳಿದರೆ ಅಪ್ಪ 'ಗಣಿ ಕಡೆಯವರು' ಅನ್ನುತ್ತಿದ್ದರು. ಕಬ್ಬಿಣದ ಅದಿರಿನ ಪುಡಿಯನ್ನು ನೀರಲ್ಲಿ ಕಲಸಿ 67 ಕಿಲೋಮೀಟರ್ ಪೈಪಿನಲ್ಲಿ ಮಂಗಳೂರಿಗೆ ಹರಿಸುತ್ತಿದ್ದ ಕಾಲ. ಉಳಿದ ಕೆಸರೆಲ್ಲ ಲಕ್ಯಾ ಅಣೆಕಟ್ಟಿಗೆ. 1987ರಲ್ಲಿ ಸುತ್ತಲಿನ ಕಾಡು ರಾಷ್ಟ್ರೀಯ ಉದ್ಯಾನವಾಯಿತು. ಸುಪ್ರೀಂ ಕೋರ್ಟಿನ 2002ರ ಆದೇಶದಂತೆ 2005ರ ಡಿಸೆಂಬರ್ ಕೊನೆಗೆ ಗಣಿ ನಿಂತಿತು. ಭದ್ರಾ ನದಿ ಉಳಿಯಲಿ ಅಂತ ಕೂಗಿದವರು ನಮ್ಮಲ್ಲೂ ಇದ್ದರು, ಕೂಲಿ ಹೋಯಿತಲ್ಲ ಅಂತ ಅತ್ತವರೂ ಇದ್ದರು. ಒಂದೇ ಮನೆಯಲ್ಲಿ ಎರಡೂ ಇತ್ತು. ಆಮೇಲೆ ನಾವು ಉದ್ಯಾನದ ಒಳಗೆ ಸಿಕ್ಕಿಕೊಂಡವರಾದೆವು, ಅಷ್ಟೇ.

ಕಾಡಲ್ಲಿ ಬಾಳುವವರಿಗೆ ಅಲ್ಲಿನ ನೆಲದ ಹಕ್ಕು ಕೊಡುವ 2006ರ ಅರಣ್ಯ ಹಕ್ಕು ಕಾಯ್ದೆ ಕೇಳುವುದು 2005ರ ಡಿಸೆಂಬರ್ 13ಕ್ಕಿಂತ ಮೊದಲಿನ ಸಾಗುವಳಿ. ಗಣಿ ಮುಚ್ಚಿದ ತಿಂಗಳೇ ಅಲ್ವಾ! ಜಮೀನಿನ ಹಕ್ಕಿನ 'ಎ' ನಮೂನೆಯಲ್ಲಿ ಪರಿಶಿಷ್ಟ ಪಂಗಡವೇ ಅನ್ನುವ ಕಾಲಂ ಬಂದಾಗ ಅಪ್ಪ ಸುಮ್ನೆ ನನ್ನ ಮುಖ ನೋಡಿದರು. 'ಬರಿ, ಮಲೆಕುಡಿಯ ಅಂತ' ಎಂದರು. ಅವರು ಆ ಹೆಸರನ್ನು ಅಷ್ಟು ಗಟ್ಟಿಯಾಗಿ ಹೇಳಿದ್ದು ನಾನು ಕೇಳಿದ್ದೇ ಮೊದಲು.

ಕನಿಷ್ಠ ಎರಡು ಸಾಕ್ಷ್ಯ ಬೇಕು. ಪಹಣಿ ಎಲ್ಲಿಂದ ತರೋದು? ಅಜ್ಜಿ ಹಳೇ ಮನೆ ಜಾಗಕ್ಕೆ ಕರೆದುಕೊಂಡು ಹೋದರು. ಪೊದೆಯೊಳಗೆ ಅರ್ಧ ಹೂತ ಒರಳು. ನಾನು ಮೊಬೈಲ್ ತೆಗೆಯುವಷ್ಟರಲ್ಲಿ ಸೆರಗಿನಿಂದ ಅದರ ಮಣ್ಣು ಒರೆಸಿದರು. 'ಇದನ್ನೂ ಕೇಳ್ತಾರಾ ಮಗಾ?' ಕೇಳುತ್ತಾರೆ. ಮನೆಯ ಗುರುತು, ಬಾವಿ, ಸಮಾಧಿ ಎಲ್ಲ ನಡೆಯುತ್ತದೆ. ಹಿರಿಯರ ಹೇಳಿಕೆಯೂ ಆಗುತ್ತದೆ, ಆದರೆ ಅರ್ಜಿದಾರರದ್ದಲ್ಲ. ಹಾಗಾಗಿ ಪಕ್ಕದ ಮನೆಯವರ ಅರ್ಜಿಗೆ ಅಜ್ಜಿ ಹೇಳಿಕೆ ಕೊಟ್ಟರು, ನಮ್ಮದಕ್ಕೆ ಆ ಮನೆಯ ಅಜ್ಜ.

ನನ್ನ ದೊಡ್ಡ ತಪ್ಪು ಬೇರೆ. ಬರೀ ಜಮೀನಿನ ಅರ್ಜಿ ತುಂಬಿ ಮುಗಿಸಿದ್ದೆ. ಗ್ರಾಮಸಭೆಯಲ್ಲಿ ಚಿಕ್ಕಮ್ಮ ಎದ್ದು ನಿಂತರು: 'ಸೀಗೆಕಾಯಿಗೆ, ರಾಮಪತ್ರೆಗೆ ಕಾಡಿಗೆ ಹೋಗೋರು ನಾವು. ಬರೆಯೋನು ನೀನು. ನಮ್ಮನ್ನು ಕೇಳಿದ್ಯಾ?' ಸಮುದಾಯ ಹಕ್ಕಿನ 'ಬಿ' ನಮೂನೆ ಆ ರಾತ್ರಿಯೇ ಶುರುವಾಯಿತು. ಹೆಂಗಸರು ಹೇಳುತ್ತ ಹೋದರು, ನಾನು ಬರೆಯುತ್ತ ಹೋದೆ. ಜೇನು ಮರಗಳ ಹೆಸರೇ ಎರಡು ಪುಟ.

ನಮ್ಮ ಮನೆಯ ಅರ್ಜಿ ತಿರಸ್ಕಾರವಾಗಿದೆ ಅಂತ ಬಾಯಿಮಾತಲ್ಲಿ ಗೊತ್ತಾಯಿತು. ಕಾರಣವನ್ನು ಬರಹದಲ್ಲಿ ಕೊಡಬೇಕು, ಮೇಲ್ಮನವಿಗೆ 60 ದಿನ ಇದೆ. ಕೇಳಿ ಪತ್ರ ಬರೆದಿದ್ದೇನೆ. ಹೋದ ಸಲ ಜೆರಾಕ್ಸಿನಲ್ಲಿ ಒರಳು ಬರೀ ಕಪ್ಪು ಚುಕ್ಕೆ ಥರ ಕಾಣುತ್ತಿತ್ತು. ಈ ಸಲ ಬಣ್ಣದ ಪ್ರಿಂಟ್ ಹಾಕಿಸಿದ್ದೇನೆ.