ಎಡಗೈ ಕೊಡಿ ಅಂದರು: ಕಂಟ್ರಿ ಡ್ಯಾನ್ಸ್ ಕಲಿತ ನನ್ನ ಅನುಭವ

ಆಕ್ಸ್‌ಫರ್ಡ್‌ಗೆ ಬಂದು ನಾಲ್ಕು ವರ್ಷ ಆಗಿತ್ತು. ಚಳಿಗಾಲದಲ್ಲಿ ಇಲ್ಲಿ ಸಂಜೆ ನಾಲ್ಕಕ್ಕೇ ಕತ್ತಲು. ಕೆಲಸ ಮುಗಿಸಿ ಬಂದರೆ ಹೀಟರ್ ಪಕ್ಕ ಕೂತು ಫೋನ್ ನೋಡೋದೇ ನನ್ನ ಕಸುಬು. ಗುರುವಾರ ಬಂದರೆ ಬೀದಿ ಕೊನೆಯ ಹಾಲ್‌ನಿಂದ ಪಿಟೀಲು ಕೇಳಿಸುತ್ತಿತ್ತು. ಅಲ್ಲಿ ನಡೆಯುತ್ತಿದ್ದದ್ದು ಕಂಟ್ರಿ ಡ್ಯಾನ್ಸ್, ಅಂದರೆ ಜೋಡಿಗಳು ಎದುರುಬದುರು ಸಾಲಿನಲ್ಲಿ ನಿಂತು ಕುಣಿಯುವ ಇಂಗ್ಲಿಷರ ಹಳೆಯ ಕುಣಿತ. ಒಂದಿನ ಹೆಂಡತಿ ಕೋಟ್ ಹಾಕಿಕೊಂಡು ಎದುರಿಗೆ ಬಂದು ನಿಂತಳು. "ರೀ, ಕೂತಿದ್ದು ಸಾಕು, ಏಳಿ. ಇಷ್ಟ ಆಗದಿದ್ರೆ ವಾಪಸ್ ಬಂದ್ರಾಯ್ತು."

ಒಳಗೆ ಇಪ್ಪತ್ತು ಜನ ಇದ್ದರು. ಜಾಸ್ತಿ ಅರವತ್ತು ದಾಟಿದವರೇ. ಇವರೇನು ಕುಣಿದಾರು ಅಂದುಕೊಂಡೆ. ಅರ್ಧ ಗಂಟೆ ಆದಮೇಲೆ ಗೋಡೆ ಹಿಡಿದು ಏದುಸಿರು ಬಿಡುತ್ತಿದ್ದವನು ನಾನೊಬ್ಬನೇ.

ಆ ದಿನ ಎಲ್ಲಕ್ಕಿಂತ ಮೊದಲು ತಪ್ಪಿದ್ದು ನನ್ನ ಕೈ, ಕಾಲಲ್ಲ. ನಾಲ್ಕು ಜನ ನಡುವೆ ಬಲಗೈ ಸೇರಿಸಿ, ಎಂಟು ಹೆಜ್ಜೆ ಗಾಣದ ಹಾಗೆ ಸುತ್ತಬೇಕು. ಆಮೇಲೆ ತಿರುಗಿ, ಎಡಗೈ ಸೇರಿಸಿ, ಎಂಟು ಹೆಜ್ಜೆ ವಾಪಸ್. ಬಲಗೈ ಸರಿಯಾಯಿತು. ಎಡಗೈ ಮುಂದಕ್ಕೇ ಬರಲಿಲ್ಲ. ಎಡಗೈಯಲ್ಲಿ ಕೊಡಬೇಡ, ಎಡಗೈಯಲ್ಲಿ ತಗೋಬೇಡ ಅಂತ ಅಮ್ಮ ಬೈದು ಬೆಳೆಸಿದ ಕೈ ಅದು. ಎದುರಿಗಿದ್ದ ಎಪ್ಪತ್ತು ವರ್ಷದ ಅಜ್ಜಿಗೆ ಅದನ್ನು ಹೇಗೆ ಚಾಚೋದು? ತಿರುಗಿದ ಮೇಲೂ ಬಲಗೈಯನ್ನೇ ಕೊಟ್ಟೆ. ಮೂರು ಜನ ಒಂದು ಕಡೆ, ನಾನು ಅಡ್ಡ. ಡಿಕ್ಕಿ. ಎಲ್ಲರೂ ನಕ್ಕರು, ನಾನೂ ನಕ್ಕೆ. ಆದರೆ ಅದನ್ನು ಬಿಡಿಸಿಕೊಳ್ಳೋಕೆ ಮೂರು ಗುರುವಾರ ಹಿಡಿಯಿತು.

ಎರಡನೇ ಕಷ್ಟ ಕಣ್ಣು. ಎರಡೂ ಕೈ ಹಿಡಿದು ಗಿರ್ರನೆ ಸುತ್ತುವಾಗ ನಾನು ನೆಲ ನೋಡುತ್ತಿದ್ದೆ. ಪರಿಚಯ ಇಲ್ಲದವರ ಮುಖ ದಿಟ್ಟಿಸಿ ನೋಡಿ ಅಭ್ಯಾಸ ಇಲ್ಲ, ಅದರ ಮೇಲೆ ತಲೆ ಸುತ್ತು ಬೇರೆ. ಅದೇ ಅಜ್ಜಿ ಹೇಳಿದರು: "ಕಣ್ಣು ನೋಡೋಕೆ ಸಂಕೋಚ ಆದ್ರೆ ನನ್ನ ಹುಬ್ಬು ನೋಡಿ." ಹುಬ್ಬು ನೋಡಿದೆ. ಸುತ್ತಲಿನ ಗೋಡೆ, ಕಿಟಕಿ ಎಲ್ಲ ಓಡುತ್ತಿದ್ದರೂ ಹುಬ್ಬು ಮಾತ್ರ ಅಲ್ಲೇ ಇತ್ತು. ತಲೆ ಸುತ್ತು ನಿಂತುಹೋಯಿತು.

ಹೆಜ್ಜೆ ಅಂತ ಕಲಿಯೋದು ಇಲ್ಲಿ ಕಡಿಮೆ. ಹೆಚ್ಚಿನದೆಲ್ಲ ಚುರುಕು ನಡಿಗೆ. ಮೈಭಾರ ಸ್ವಲ್ಪ ಮುಂದಕ್ಕೆ ಬಿಟ್ಟು, ಹಿಮ್ಮಡಿ ಕುಟ್ಟದೆ ನಡೆಯಬೇಕು. ತೆಳು ಚರ್ಮದ ಅಟ್ಟೆಯ ಶೂ ಇದ್ದರೆ ಒಳ್ಳೆಯದು, ರಬ್ಬರ್ ಆದರೆ ಸುತ್ತುವಾಗ ಮಂಡಿ ತಿರುಚುತ್ತದೆ. ಸಾಮಾನ್ಯವಾಗಿ ಹಾಡಿಗೆ ಎರಡು ಭಾಗ, ಒಂದೊಂದನ್ನೂ ಎರಡು ಸಲ ನುಡಿಸುತ್ತಾರೆ, ಸಲಕ್ಕೆ 16 ಹೆಜ್ಜೆ. ಲೆಕ್ಕ ಹಾಕಿದರೆ ಒಂದು ಸುತ್ತಿಗೆ 64 ಹೆಜ್ಜೆ. ಈ 64 ಮುಗಿಯುವಾಗ ನಾವು ಯಾವ ಜಾಗದಲ್ಲಿರಬೇಕೋ ಅಲ್ಲಿರಬೇಕು. ಬೇಗ ಹೋದರೂ ತಪ್ಪು, ತಡ ಆದರೂ ತಪ್ಪು. ನಾನು ಯಾವಾಗಲೂ ಎರಡು ಹೆಜ್ಜೆ ಮೊದಲೇ ತಲುಪಿ, ಬಸ್ ಕಾಯುವವನ ಹಾಗೆ ನಿಂತಿರುತ್ತಿದ್ದೆ.

ಆದರೆ ನಿಜವಾಗಿ ತಲೆ ಕೆಡಿಸಿದ್ದು ಸಾಲು. ಗಂಡಸರ ಸಾಲು ಒಂದು, ಎದುರಿಗೆ ಹೆಂಗಸರದ್ದು ಒಂದು. ಮೇಲಿನಿಂದ ಜೋಡಿಗಳಿಗೆ ಒಂದು, ಎರಡು, ಒಂದು, ಎರಡು ಅಂತ ನಂಬರ್. ಒಂದು ಸುತ್ತು ಮುಗಿದರೆ ಒಂದನೇ ನಂಬರ್ ಜೋಡಿ ಒಂದು ಜಾಗ ಕೆಳಗೆ, ಎರಡನೆಯದು ಒಂದು ಜಾಗ ಮೇಲೆ. ಆಗ ಎದುರಿಗೆ ಹೊಸ ಜೋಡಿ. ಹೀಗೆ ಸಾಲಿನಲ್ಲಿ ಇರೋರ ಜೊತೆಗೆಲ್ಲ ಕುಣಿದಂತಾಗುತ್ತದೆ. ತುದಿ ಮುಟ್ಟಿದ ಜೋಡಿ ಒಂದು ಸುತ್ತು ಸುಮ್ನೆ ನಿಲ್ಲಬೇಕು. ಅಲ್ಲೇ ಇರೋದು ಮಜಾ. ವಾಪಸ್ ಸೇರುವಾಗ ಅವರ ನಂಬರ್ ಬದಲು. ಒಂದು ಇದ್ದವರು ಎರಡು. ಅಷ್ಟು ಹೊತ್ತು ಬಾಯಿಪಾಠ ಮಾಡಿದ್ದೆಲ್ಲ ಉಲ್ಟಾ. ನಾನು ಹಳೇ ನಂಬರಿನ ಗುಂಗಿನಲ್ಲೇ ನುಗ್ಗಿ, ಒನ್‌ವೇಯಲ್ಲಿ ಎದುರು ಬಂದ ಆಟೋ ಥರ ಇಡೀ ಸಾಲನ್ನು ನಿಲ್ಲಿಸಿದೆ.

ಕೊನೆಗೆ ಅರ್ಥ ಆಗಿದ್ದು ನಮ್ಮ ಊಟದ ಮೇಜಿನ ಮೇಲೆ. ಗಂಡಸರಿಗೆ ಲೋಟ, ಹೆಂಗಸರಿಗೆ ಬಟ್ಟಲು. ನಾಲ್ಕು ಜೋಡಿ ಇಟ್ಟು ಒಂದೊಂದೇ ಸುತ್ತು ಸರಿಸಿದೆ. ಸಾಂಬಾರ್ ತಂದವಳು ಬಟ್ಟಲಿಗೆ ಕೈ ಹಾಕಿದಾಗ "ತಡಿ, ಅವಳು ಇನ್ನೂ ತುದಿಗೆ ಹೋಗಿಲ್ಲ" ಅಂದುಬಿಟ್ಟೆ.

ಇಷ್ಟು ಹಿಡಿತ ಸಿಕ್ಕಿದ ಮೇಲೆ ಇದೆಲ್ಲ ಎಲ್ಲಿಂದ ಬಂತು ಅನ್ನೋ ಕುತೂಹಲ ಶುರುವಾಯಿತು. ಲಂಡನ್ನಿನಲ್ಲಿ ಜಾನ್ ಪ್ಲೇಫರ್ಡ್ ಅಂತ ಪುಸ್ತಕ ವ್ಯಾಪಾರಿ ಇದ್ದ. ವಕೀಲರು ಓಡಾಡುವ ಇನ್ನರ್ ಟೆಂಪಲ್‌ನಲ್ಲಿ, ಚರ್ಚ್ ಬಾಗಿಲ ಹತ್ತಿರ ಅವನ ಅಂಗಡಿ. 1651ರಲ್ಲಿ 105 ನೃತ್ಯಗಳ ಪುಸ್ತಕ ತಂದ: ಪ್ರತಿಯೊಂದಕ್ಕೂ ರಾಗ, ಕೆಳಗೆ ನಾಲ್ಕಾರು ಸಾಲು ವಿವರಣೆ. ರಾಜ ಒಂದನೇ ಚಾರ್ಲ್ಸ್‌ನ ತಲೆ ಕಡಿದು ಎರಡು ವರ್ಷ ಆಗಿತ್ತು, ಮೋಜು ಕಂಡರಾಗದ ಕಟ್ಟಾ ಕ್ರೈಸ್ತರಾದ ಪ್ಯೂರಿಟನ್ನರ ಕಾಲ ಅದು. ಆಗಲೂ ಕುಣಿತದ ಪುಸ್ತಕ ಖರ್ಚಾಯಿತು! ಪ್ಲೇಫರ್ಡ್ ಹೋದಮೇಲೆ ಮಗ, ಆಮೇಲೆ ಇನ್ನೊಬ್ಬ ಪ್ರಕಾಶಕ ಅದನ್ನು ಬೆಳೆಸಿಕೊಂಡು ಬಂದು ಒಟ್ಟು 18 ಮುದ್ರಣ ಆಯಿತು. ಮುಂದೆ 19ನೇ ಶತಮಾನದಲ್ಲಿ ವಾಲ್ಟ್ಸ್, ಕ್ವಾಡ್ರಿಲ್ ಅನ್ನೋ ಹೊಸ ಕುಣಿತಗಳು ಬಂದು ಪೇಟೆಯ ದೊಡ್ಡ ಹಾಲ್‌ಗಳಿಂದ ಇದು ಮರೆಯಾಯಿತು. ಹಳ್ಳಿಗಳಲ್ಲಿ ಅಲ್ಲಲ್ಲಿ ಉಳಿಯಿತು.

ಮುಂದಿನ ಕಥೆ ಆಕ್ಸ್‌ಫರ್ಡ್‌ನಲ್ಲಿ ನಾನಿರುವ ಹೆಡಿಂಗ್ಟನ್‌ನದ್ದೇ. 1899ರ ಡಿಸೆಂಬರ್ 26. ಸೆಸಿಲ್ ಶಾರ್ಪ್ ಅನ್ನೋ ಸಂಗೀತದ ಮೇಷ್ಟ್ರು ಅತ್ತೆ ಮನೆಗೆ ಬಂದಿದ್ದರು. ಕಿಟಕಿಯ ಹೊರಗೆ ಗೆಜ್ಜೆ ಕಟ್ಟಿಕೊಂಡ ಗಂಡಸರ ಗುಂಪು, ಮಾರಿಸ್ ಡ್ಯಾನ್ಸ್ ಮಾಡುತ್ತಿತ್ತು. ಕಾನ್ಸರ್ಟಿನಾ (ಕೈಯಲ್ಲಿ ಹಿಡಿದು ನುಡಿಸುವ ಪುಟ್ಟ ಹಾರ್ಮೋನಿಯಂ ಥರದ ವಾದ್ಯ) ನುಡಿಸುತ್ತಿದ್ದವನು ವಿಲಿಯಂ ಕಿಂಬರ್, ಇಟ್ಟಿಗೆ ಕೆಲಸದವನು. ಅದು ಅವರ ಕುಣಿತದ ಕಾಲವೇ ಅಲ್ಲ. ಚಳಿಗೆ ಕೆಲಸ ಇಲ್ಲದೆ ನಾಲ್ಕು ಕಾಸಿಗಾಗಿ ಬಂದಿದ್ದರು. ಮಾರನೇ ದಿನ ಶಾರ್ಪ್ ಅವನನ್ನು ಕರೆಸಿ ಐದು ರಾಗ ಬರೆದುಕೊಂಡರು. ಮಾರಿಸ್ ಬೇರೆ, ಕಂಟ್ರಿ ಡ್ಯಾನ್ಸ್ ಬೇರೆ. ಆದರೆ ಶಾರ್ಪ್‌ಗೆ ಹುಚ್ಚು ಹತ್ತಿದ್ದು ಅಲ್ಲಿಂದ. ಆಮೇಲೆ ಹಳ್ಳಿಗಳ ಕುಣಿತ ಬರೆದುಕೊಂಡರು, ಪ್ಲೇಫರ್ಡ್ ಪುಸ್ತಕ ಬಿಡಿಸಲು ಕೂತರು. 1911ರಲ್ಲಿ ಇಂಗ್ಲಿಷ್ ಫೋಕ್ ಡ್ಯಾನ್ಸ್ ಸೊಸೈಟಿ ಕಟ್ಟಿದರು. ಲಂಡನ್ನಿನ ಕ್ಯಾಮ್ಡನ್‌ನಲ್ಲಿ ಅವರ ಹೆಸರಿನ ಕಟ್ಟಡ 1930ರಲ್ಲಿ ತೆರೆಯಿತು. ಅಲ್ಲಿ ಇವತ್ತಿಗೂ ಕುಣಿಯುತ್ತಾರೆ.

ಪ್ಲೇಫರ್ಡ್ ಬರೆದದ್ದು ಗೊತ್ತಿದ್ದವರಿಗೆ. ಅಜ್ಜಿ ಅಡಿಗೆ ಹೇಳಿಕೊಟ್ಟ ಹಾಗೆ, 'ಹದ ನೋಡಿ ಹಾಕು' ಅಂದರೆ ಎಷ್ಟು? 'ಸೈಡ್' ಅನ್ನುತ್ತಾನೆ, ಹೇಗೆ ಅಂತ ಹೇಳಲ್ಲ. ಶಾರ್ಪ್ ಊಹಿಸಿದ್ದು ಹೀಗೆ: ಎದುರಿನವರ ಎಡಭುಜದ ಪಕ್ಕ ದಾಟಿ, ತಿರುಗಿ, ಬಂದ ದಾರಿಯಲ್ಲೇ ವಾಪಸ್. ಆಮೇಲೆ ಪ್ಯಾಟ್ ಶಾ ಅನ್ನೋ ನೃತ್ಯ ಸಂಶೋಧಕರು ಬಂದು, ದಾಟೋದೇ ಬೇಡ, ಬಲಭುಜಕ್ಕೆ ಬಲಭುಜ ಸರಿಯಾಗಿ ಬಂದು ಹಿಂದಕ್ಕೆ ನಡೆಯಿರಿ ಅಂದರು. ಹಳೆಯದಕ್ಕೆ ಎರಡನೆಯದೇ ಹತ್ತಿರ ಅಂತ ತಿಳಿದವರು ಒಪ್ಪುತ್ತಾರೆ. ಆದರೆ ಶಾರ್ಪ್ ಮಾಡಿದ್ದು ನದಿ ತಿರುವಿನ ಹಾಗೆ ಹರಿಯುತ್ತದೆ, ನನಗೆ ಅದೇ ಇಷ್ಟ. ತಪ್ಪಾದರೂ ನೂರು ವರ್ಷ ಕುಣಿದ ಮೇಲೆ ಅದೂ ಸಂಪ್ರದಾಯವೇ, ಅಲ್ವಾ?

ಹೊಸಬರು ಬಂದರೆ ಕೇಳೋದು 'ಮಿಸ್ಟರ್ ಬೆವರಿಜಸ್ ಮ್ಯಾಗಟ್'. ಜೇನ್ ಆಸ್ಟಿನ್ ಕಾದಂಬರಿ 'ಪ್ರೈಡ್ ಅಂಡ್ ಪ್ರೆಜುಡೀಸ್'ನ 1995ರ ಬಿಬಿಸಿ ಧಾರಾವಾಹಿಯಲ್ಲಿ ಡಾರ್ಸಿ, ಎಲಿಜಬೆತ್ ಕುಣಿದರಲ್ಲ, ಅದು. ಮ್ಯಾಗಟ್ ಅಂದರೆ ಇಲ್ಲಿ ಹುಳ ಅಲ್ಲ, ತಲೆಗೆ ಹತ್ತಿದ ಚಪಲ. ನಾವು ಕೂಡ ತಲೇಲಿ ಹುಳ ಬಿಟ್ಟ ಅನ್ನುತ್ತೇವೆ. 1695ರ ಈ ನೃತ್ಯ ಆ ಕಥೆಯ ಕಾಲಕ್ಕೆ ನೂರು ವರ್ಷ ಹಳತು, ಹಾಗಾಗಿ ಅಲ್ಲಿ ಕುಣಿದದ್ದು ಲೆಕ್ಕಕ್ಕೆ ಕೂಡಲ್ಲ. ಇರಲಿ, ರಾಗ ಚೆನ್ನಾಗಿದೆ. ಇದರಲ್ಲಿ ಎಂಟರ ಲೆಕ್ಕ ನಡೆಯಲ್ಲ, ಮೂರರದ್ದು. ಉಳಿದವರು ತಡವರಿಸುವಾಗ ನನ್ನ ಹೆಂಡತಿ ಒಂದೂ ತಪ್ಪಲಿಲ್ಲ. ಹೇಗೆ ಅಂತ ಕೇಳಿದರೆ, "ಸಂಗೀತ ಪಾಠದಲ್ಲಿ ತೊಡೆ ಮೇಲೆ ತಾಳ ಹಾಕಿದ್ದು ಸುಮ್ನೇನಾ?" ಅಂದಳು.

ಕೆಲವು ನೃತ್ಯದಲ್ಲಿ ಒಂದನೇ ನಂಬರ್ ಜೋಡಿ ಶುರುವಿಗೇ ಜಾಗ ಅದಲುಬದಲಾಗಿ, ಗಂಡಸು ಹೆಂಗಸರ ಸಾಲಿನಲ್ಲಿ, ಹೆಂಗಸು ಗಂಡಸರ ಸಾಲಿನಲ್ಲಿ ನಿಲ್ಲಬೇಕು. ಅದಕ್ಕೆ 'ಇಂಪ್ರಾಪರ್' ಅನ್ನುತ್ತಾರೆ. ಅದರಲ್ಲಿ ತುದಿಗೆ ಹೋದಾಗಲೂ ಗಂಡ ಹೆಂಡತಿ ಬದಿ ಬದಲಿಸಿಕೊಂಡೇ ವಾಪಸ್ ಸೇರಬೇಕು. ಈಗ ಎರಡು ವರ್ಷ ಆಯಿತು. ಎಡಗೈ ತಾನಾಗಿ ಬರುತ್ತದೆ, ಕಣ್ಣನ್ನೇ ನೋಡುತ್ತೇನೆ. ಬದಿ ಬದಲಿಸೋದು ಮಾತ್ರ ಮರೆತೇ ಹೋಗುತ್ತದೆ. ಆ ಅರ್ಧ ನಿಮಿಷದಲ್ಲಿ ನಾವಿಬ್ಬರೂ ನಾಳೆ ತಿಂಡಿಗೆ ಏನು ಅಂತ ಮಾತಾಡುತ್ತಾ ನಿಂತಿರುತ್ತೇವೆ. ಮೊನ್ನೆ ಗುರುವಾರವೂ ಅಷ್ಟೇ. ಅಜ್ಜಿ ಬಂದು ಎದುರಿಗೆ ನಿಂತಾಗ ನಾನು ಹೆಂಗಸರ ಸಾಲಿನಲ್ಲಿದ್ದೆ.