64ಎ ನೋಟಿಸ್‌ಗೆ ನಾನು ಉತ್ತರ ಕೊಟ್ಟಿದ್ದು ಹೀಗೆ

ಅರಣ್ಯ ಇಲಾಖೆಯ ನೋಟಿಸ್ ಬಂದರೆ ಮಲೆನಾಡಿನಲ್ಲಿ ಜನ ಮೊದಲು ಓಡುವುದು ಶಾಸಕರ ಮನೆಗೆ. ನಾನು ಹೋಗಿದ್ದು ತಾಲೂಕು ಕಚೇರಿಯ ರೆಕಾರ್ಡ್ ರೂಮಿಗೆ.

2024ರ ಜುಲೈನಲ್ಲಿ ವಯನಾಡಿನಲ್ಲಿ ಗುಡ್ಡ ಕುಸಿಯಿತು. ಅದರ ಬೆನ್ನಿಗೇ ನಮ್ಮ ಸರ್ಕಾರ ಪಶ್ಚಿಮ ಘಟ್ಟದ ಒತ್ತುವರಿ ತೆರವಿಗೆ ಹೊರಟಿತು. ಅಜ್ಜನ ಕಾಲದ ನಮ್ಮ ಅಡಿಕೆ ತೋಟಕ್ಕೂ ನೋಟಿಸ್ ಬಂತು. 1963ರ ಕರ್ನಾಟಕ ಅರಣ್ಯ ಕಾಯ್ದೆಯ 64ಎ ಕಲಂ ಅದು. ಅದರಡಿ ಕೋರ್ಟಿಗೆ ಹೋಗದೆ ಎಸಿಎಫ್ (ಸಹಾಯಕ ಅರಣ್ಯ ಸಂರಕ್ಷಣಾಧಿಕಾರಿ) ಸಾಹೇಬರೇ ಒಕ್ಕಲೆಬ್ಬಿಸಬಹುದು. ಆದರೆ ಎಬ್ಬಿಸುವ ಮೊದಲು ನಮ್ಮ ಅಹವಾಲು ಕೇಳಲೇಬೇಕು ಅಂತಲೂ ಅದೇ ಕಲಂನಲ್ಲಿದೆ. ಆ ಸಾಲನ್ನು ಹಿಡಿದುಕೊಂಡೇ ಉತ್ತರ ಬರೆದೆ.

ನೋಟಿಸ್‌ನಲ್ಲಿ ಸರ್ವೆ ನಂಬರ್ ಇತ್ತು, ಚೆಕ್ಕುಬಂದಿ, ಅಂದರೆ ಜಾಗದ ನಾಲ್ಕು ದಿಕ್ಕಿನ ಗಡಿ, ಇರಲಿಲ್ಲ. ನೂರಾರು ಎಕರೆಯ ಸರ್ವೆ ನಂಬರಿನಲ್ಲಿ ನಾನು ಒತ್ತುವರಿ ಮಾಡಿದ್ದು ಯಾವ ಮೂಲೆ? ಮೊದಲು ಅದನ್ನೇ ಕೇಳಿದೆ. ನಕ್ಷೆ ಕೊಡಿ, ಕಂದಾಯ ಮತ್ತು ಅರಣ್ಯ ಇಲಾಖೆ ಸೇರಿ ಜಂಟಿ ಸರ್ವೆ ಮಾಡಿ ಎಂದೆ.

ಎರಡನೆಯ ಪ್ರಶ್ನೆ, ಇದು ಯಾವ ಹಂತದ ಅರಣ್ಯ ಎಂಬುದು. ಅದೇ ಅರಣ್ಯ ಕಾಯ್ದೆಯ 4ನೇ ಕಲಂನ ಅಧಿಸೂಚನೆ ಬಂದಿದೆ ಎಂದರೆ ಮೀಸಲು ಅರಣ್ಯ ಮಾಡುವ ಇರಾದೆ ಸರ್ಕಾರಕ್ಕಿದೆ ಎಂದಷ್ಟೇ. ಆಮೇಲೆ ಅರಣ್ಯ ವ್ಯವಸ್ಥಾಪನಾಧಿಕಾರಿ ಜನರ ತಕರಾರು ಕೇಳಬೇಕು. 17ನೇ ಕಲಂನ ಘೋಷಣೆ ಆದ ಮೇಲೇ ಅದು ಮೀಸಲು ಅರಣ್ಯ. ನಮ್ಮ ಕಡೆ ಎಷ್ಟೋ ಜಾಗ ದಶಕಗಳಿಂದ 4ರಲ್ಲೇ ಕೂತಿದೆ. ಹಾಗಂತ ಅದು ನಮ್ಮದಾಗುವುದಿಲ್ಲ. ಅಲ್ಲಿ ಹೊಸದಾಗಿ ಹಕ್ಕು ಹುಟ್ಟುವುದಿಲ್ಲ, ಆದರೆ ಹಳೆಯ ಹಕ್ಕಿನ ವಿಚಾರಣೆ ಬಾಕಿ ಇರುತ್ತದೆ. ಇದನ್ನು ಹೇಳಿದರೆ ಊರಿನಲ್ಲಿ ಅರ್ಧ ಜನ ನಂಬುವುದಿಲ್ಲ!

ಮೂರನೆಯದು 2006ರ ಅರಣ್ಯ ಹಕ್ಕು ಕಾಯ್ದೆ. ಅದರ 4(5)ರ ಪ್ರಕಾರ ಹಕ್ಕು ಕೋರಿದ ಅರ್ಜಿಯ ಪರಿಶೀಲನೆ ಮುಗಿಯುವವರೆಗೆ ಅರಣ್ಯವಾಸಿಯನ್ನು ಎಬ್ಬಿಸುವಂತಿಲ್ಲ. ನಮ್ಮ ಅರ್ಜಿ ಉಪವಿಭಾಗ ಮಟ್ಟದ ಸಮಿತಿಯಲ್ಲಿ ಬಾಕಿ ಇತ್ತು. ನಾವು ಪರಿಶಿಷ್ಟ ಪಂಗಡದವರಲ್ಲ, ಹಾಗಾಗಿ 2005ರ ಡಿಸೆಂಬರ್ 13ಕ್ಕೆ ಮುಂಚಿನ 75 ವರ್ಷದ ವಾಸ ತೋರಿಸಬೇಕು. ಕಷ್ಟವೇ. ಊರಿನ ಹಿರಿಯರ ಹೇಳಿಕೆ ಬರೆಸಿದೆ, ನಿಯಮದಲ್ಲಿ ಅದಕ್ಕೂ ಬೆಲೆ ಇದೆ. ಅಜ್ಜ ಕಟ್ಟಿದ ಟಿ.ಟಿ. ದಂಡದ ರಸೀದಿಗಳನ್ನೂ ಲಗತ್ತಿಸಿದೆ. ಅಕ್ರಮ ಸಾಗುವಳಿ ಅಂತ ಸರ್ಕಾರ ಅಂದು ದಂಡ ಹಾಕಿದ್ದೇ ಇವತ್ತು ಸಾಗುವಳಿಗೆ ಸಾಕ್ಷಿ. ತಮಾಷೆ ಅಲ್ವಾ?

ಉತ್ತರದ ಎರಡು ಪ್ರತಿ ಒಯ್ದು, ನನ್ನ ಪ್ರತಿಯ ಮೇಲೆ ತಾರೀಖಿನ ಸಮೇತ ಸೀಲು ಹಾಕಿಸಿಕೊಂಡೆ. ರಿಜಿಸ್ಟರ್ಡ್ ಪೋಸ್ಟಿನಲ್ಲೂ ಕಳಿಸಿದೆ. ನಡುವೆ ಅರಣ್ಯ ಇಲಾಖೆಯವರು ಒಂದು ಮಹಜರು (ಸ್ಥಳ ಪರಿಶೀಲನೆಯ ದಾಖಲೆ) ತಂದು ಸಹಿ ಕೇಳಿದರು. ವಿಸ್ತೀರ್ಣದ ಜಾಗ ಖಾಲಿ ಇತ್ತು. "ಅದನ್ನ ತುಂಬಿಸಿ ತನ್ನಿ ಸಾರ್, ಓದಿ ಸಹಿ ಹಾಕ್ತೀನಿ" ಎಂದೆ. ಆಮೇಲೆ ಆ ಕಾಗದ ಮತ್ತೆ ಬರಲಿಲ್ಲ.

ವಿಚಾರಣೆಯಲ್ಲಿ "ಒತ್ತುವರಿ ಹೌದೋ ಅಲ್ವೋ, ಅಷ್ಟು ಹೇಳಿ" ಎಂದರು. ಸುಮ್ನೆ ವಾದಕ್ಕೆ ಇಳಿಯಲಿಲ್ಲ. ಅಳತೆ ಆಗದೆ ಹೇಳಲಾಗದು, ಇದನ್ನು ಆರ್ಡರ್ ಶೀಟಿನಲ್ಲಿ ಬರೆದುಕೊಳ್ಳಿ ಎಂದು ಕೇಳಿ, ಅದರ ದೃಢೀಕೃತ ನಕಲಿಗೂ ಅರ್ಜಿ ಕೊಟ್ಟೆ.

ಜಂಟಿ ಸರ್ವೆಯಲ್ಲಿ ತೋಟದ ಕೆಳಭಾಗ ಕಂದಾಯ ಇಲಾಖೆಯ ಗೋಮಾಳ ಎಂದು ಬಂತು. ಅಲ್ಲಿಗೆ 64ಎ ಬರುವುದಿಲ್ಲ. ಎಬ್ಬಿಸುವುದಾದರೆ ಭೂ ಕಂದಾಯ ಕಾಯ್ದೆಯಡಿ ಬೇರೆ ನೋಟಿಸ್ ಕೊಡಬೇಕು. ಆ ಭಾಗದ ಸಾಗುವಳಿಯನ್ನು ಸಕ್ರಮ ಮಾಡಿ ಎಂದು ನಮೂನೆ 57ರ ಬಗರ್‌ಹುಕುಂ ಅರ್ಜಿ ಮೊದಲೇ ಹಾಕಿದ್ದೆ. ಮೇಲ್ಭಾಗ ಇನ್ನೂ 4ನೇ ಕಲಂನಲ್ಲಿದೆ. ಅರಣ್ಯ ಹಕ್ಕಿನ ಅರ್ಜಿಯ ಮೇಲೆ ಉಪವಿಭಾಗ ಸಮಿತಿಯ ತೀರ್ಮಾನ ಬರುವವರೆಗೆ ಅದನ್ನು ಮುಟ್ಟುವುದಿಲ್ಲ ಎಂದು ಬರೆದುಕೊಟ್ಟಿದ್ದಾರೆ.

ಪಕ್ಕದ ತೋಟದವರಿಗೆ ಮಾತ್ರ "ಸಮಜಾಯಿಷಿ ಸಮಾಧಾನಕರವಾಗಿಲ್ಲ" ಎಂಬ ಒಂದೇ ಸಾಲಿನ ಆದೇಶ ಬಂದಿದೆ. ಯಾಕೆ ಸಮಾಧಾನಕರವಲ್ಲ ಎಂದು ಎಲ್ಲೂ ಇಲ್ಲ. ಅದನ್ನೇ ಮುಖ್ಯ ಕಾರಣ ಮಾಡಿ ಮೇಲ್ಮನವಿ ಬರೆದುಕೊಟ್ಟೆ. ಮೇಲ್ಮನವಿ ಹಾಕಿದ ಮಾತ್ರಕ್ಕೆ ತೆರವು ನಿಲ್ಲುವುದಿಲ್ಲ, ಹಾಗಾಗಿ ತಡೆಯಾಜ್ಞೆಯ ಅರ್ಜಿಯನ್ನೂ ಜೊತೆಗೇ ಹಾಕಿಸಿದ್ದೇನೆ.