ಮಾಹೆ ದ್ವೀಪದಲ್ಲಿ ನೆಲೆಸಲು ಬರುವ ಕನ್ನಡಿಗರಿಗೆ

ಸೇಶೆಲ್ಸ್ ದೇಶದ ಬಹುಪಾಲು ಜನರು ವಾಸಿಸುವುದು ಮಾಹೆ ದ್ವೀಪದಲ್ಲಿ. ಉದ್ಯೋಗಕ್ಕೆಂದು ಬರುವ ನೀವೂ ಬಹುಶಃ ಇಲ್ಲಿಯೇ ನೆಲೆಸುವಿರಿ. ಮನೆ ಹುಡುಕುವ ಮೊದಲು ಈ ನೆಲದ ಸ್ವರೂಪವನ್ನು ಅರಿತಿರುವುದು ಒಳ್ಳೆಯದು. ಸುಮಾರು 27 ಕಿಲೋಮೀಟರ್ ಉದ್ದದ ಈ ದ್ವೀಪದ ನಡುವೆ 905 ಮೀಟರ್ ಎತ್ತರದ ಮೋರ್ನ್ ಸೇಶೆಲ್ವಾ ಶಿಖರವಿರುವುದರಿಂದ, ಸಮತಟ್ಟಾದ ಜಾಗವು ಕರಾವಳಿಯ ಕಿರಿದಾದ ಪಟ್ಟಿಯಲ್ಲಿ ಮಾತ್ರ ಸಿಗುತ್ತದೆ. ಉಳಿದ ಮನೆಗಳು ಇಳಿಜಾರಿನಲ್ಲಿವೆ. ಅಂಥ ಮನೆಯನ್ನು ಒಪ್ಪುವ ಮುನ್ನ ಮಳೆನೀರು ಹರಿದುಹೋಗುವ ದಾರಿಯನ್ನೂ ಹಿಂಬದಿಯ ದಿಬ್ಬವನ್ನೂ ತಪ್ಪದೆ ನೋಡಿರಿ.

ಇಲ್ಲಿನ ಬಂಡೆ ಹವಳದ್ದಲ್ಲ, ಸುಮಾರು 75 ಕೋಟಿ ವರ್ಷ ಹಳೆಯದಾದ ಗ್ರಾನೈಟ್. ಭಾರತದ ಭೂಭಾಗಕ್ಕೆ ಅಂಟಿಕೊಂಡಿದ್ದ ಈ ನೆಲವು ಅದರಿಂದ ಬೇರ್ಪಟ್ಟದ್ದು 6 ಕೋಟಿ ವರ್ಷಗಳಿಗೂ ಹಿಂದೆ.

ಮಳೆಗಾಲದ ಲೆಕ್ಕವನ್ನು ಮಾತ್ರ ನೀವು ಹೊಸದಾಗಿ ಕಲಿಯಬೇಕು. ಡಿಸೆಂಬರ್‌ನಿಂದ ಮಾರ್ಚ್‌ವರೆಗೆ ವಾಯವ್ಯದ ಗಾಳಿ ಮಳೆ ತರುತ್ತದೆ. ಮೇಯಿಂದ ಅಕ್ಟೋಬರ್‌ವರೆಗೆ ಆಗ್ನೇಯದ ಗಾಳಿ ಬೀಸುವಾಗ ನೀರನ್ನು ಹಿತಮಿತವಾಗಿ ಬಳಸಬೇಕಾಗುತ್ತದೆ. ಈ ಒಣ ತಿಂಗಳುಗಳಲ್ಲಿ ವಾಯವ್ಯ ತೀರದ ಬೋ ವಲ್ಲೋನ್ ಕಡಲತೀರ ಶಾಂತವಾಗಿದ್ದರೆ, ಪೂರ್ವ ತೀರದಲ್ಲಿ ಅಲೆಗಳು ಜೋರಾಗಿರುತ್ತವೆ.

ಇಲ್ಲಿ ಮೂಲನಿವಾಸಿಗಳಿರಲಿಲ್ಲ ಎಂಬುದು ಈ ಸಮಾಜವನ್ನು ಅರ್ಥಮಾಡಿಕೊಳ್ಳುವ ಕೀಲಿಕೈ. ಫ್ರೆಂಚರು 1756ರಲ್ಲಿ ಹಕ್ಕು ಸ್ಥಾಪಿಸಿ, 1770ರಲ್ಲಿ ಎದುರಿನ ಸೇಂಟ್ ಆ್ಯನ್ ದ್ವೀಪದಲ್ಲಿ ಮೊದಲ ವಸತಿಯನ್ನು ಹೂಡಿದಾಗ, ಬಂದಿಳಿದ 28 ಮಂದಿಯಲ್ಲಿ ಐವರು ಭಾರತೀಯರಿದ್ದರು. ಮಾರಿಷಸ್‌ನ ಫ್ರೆಂಚ್ ಆಡಳಿತಾಧಿಕಾರಿಯಾಗಿದ್ದ ಪಿಯರ್ ಪ್ವಾವ್ರ್ ಅವರ ಆಸಕ್ತಿಯಿಂದ ಮಾಹೆಯ ಆನ್ಸ್ ರೊಯಾಲ್‌ನಲ್ಲಿ ಎದ್ದ ಸಾಂಬಾರ ಗಿಡಗಳ ತೋಟಕ್ಕೆ 1780ರಲ್ಲಿ, ಬರುತ್ತಿದ್ದ ಹಡಗು ಬ್ರಿಟಿಷರದೆಂದು ತಪ್ಪು ತಿಳಿದು, ಫ್ರೆಂಚರೇ ಬೆಂಕಿ ಇಟ್ಟರು. ಆದರೂ ದಾಲ್ಚಿನ್ನಿ ಅಳಿಯಲಿಲ್ಲ. ಹಕ್ಕಿಗಳು ಬೀಜ ಹರಡಿದ್ದರಿಂದ ಇಂದು ಬೆಟ್ಟಗಳ ತುಂಬ ಅದೇ ಬೆಳೆದು ನಿಂತಿದೆ.

1814ರ ಪ್ಯಾರಿಸ್ ಒಪ್ಪಂದದಿಂದ ದ್ವೀಪವು ಬ್ರಿಟಿಷರದಾಯಿತು. 1976ರ ಜೂನ್ 29ರಂದು ದೇಶ ಸ್ವತಂತ್ರವಾಯಿತು. ಆದರೆ ಈ ದಿನಾಂಕಗಳಿಗಿಂತ, 1835ರಲ್ಲಿ ಗುಲಾಮಗಿರಿಯಿಂದ ಬಿಡುಗಡೆ ಹೊಂದಿದವರ ನೆನಪು ನಿಮ್ಮ ನೆರೆಹೊರೆಯವರಿಗೆ ಹೆಚ್ಚು ಹತ್ತಿರದ್ದು ಎಂದು ನನ್ನ ಭಾವನೆ. ಅವರ ಮನೆಮಾತು ಫ್ರೆಂಚ್ ಮೂಲದ ಕ್ರಿಯೋಲ್ ಭಾಷೆ. ಕಚೇರಿಯಲ್ಲಿ ಇಂಗ್ಲಿಷ್ ಸಾಕೆಂದು ಅದನ್ನು ಕಲಿಯದೆ ಉಳಿಯಬೇಡಿರಿ. ಮೊದಲ ಬಿಡುವಿನಲ್ಲೇ ಸಾನ್ ಸೂಸಿ ರಸ್ತೆಯಲ್ಲಿ ಹತ್ತಿ, ಬಿಡುಗಡೆಗೊಂಡ ಆಫ್ರಿಕನ್ನರ ಮಕ್ಕಳಿಗಾಗಿ ಕಟ್ಟಿದ ಶಾಲೆಯ ಅವಶೇಷಗಳನ್ನು ಮಿಷನ್ ಲಾಡ್ಜ್‌ನಲ್ಲಿ ನೋಡಿ ಬನ್ನಿರಿ.